ಹೊತ್ತುಗೊತ್ತಿಲ್ಲದ ಲೋಕಕ್ಕೆ ಹೋಗಿ ಬಂದ ಹನುಮ

ಬೆಂಗಳೂರು–ಮೈಸೂರು ಹಳೆಯ ರಸ್ತೆಯಲ್ಲಿ ರಾಮನಗರ ದಾಟಿ ಚನ್ನಪಟ್ಟಣದತ್ತ ಹೊರಟವರು ಕೆಂಗಲ್ ಬಂದಾಗ ಬಸ್ಸಿನಲ್ಲಿ ಕುಳಿತಲ್ಲಿಂದಲೇ ಕೈ ಮುಗಿಯುವುದು ರೂಢಿ. ಲಾರಿ ಚಾಲಕರು ವಾಹನ ನಿಲ್ಲಿಸಿ ಕಾಯಿ ಒಡೆಸಿ ಮುಂದುವರಿಯುತ್ತಾರೆ. ಕೆಂಪು ಕಲ್ಲು ಎಂಬುದೇ ಕೆಂಗಲ್ ಆಯಿತು. ಆ ಕಲ್ಲಿನಲ್ಲಿ ಮೂಡಿದ ಆಂಜನೇಯನೇ ಊರಿಗೆ ಹೆಸರು ತಂದ. 1952ರಿಂದ 1956ರವರೆಗೆ ಮೈಸೂರು ರಾಜ್ಯದ ಮುಖ್ಯಮಂತ್ರಿಯಾಗಿದ್ದ, ವಿಧಾನಸೌಧದ ನಿರ್ಮಾತೃ ಹನುಮಂತಯ್ಯನವರ ಹೆಸರಿನ ಹಿಂದೆ ನಿಂತಿರುವುದೂ ಈ ಕೆಂಗಲ್ಲೇ. 2023ರಲ್ಲಿ ಉದ್ಘಾಟನೆಯಾದ ಎಕ್ಸ್‌ಪ್ರೆಸ್ ಹೆದ್ದಾರಿ ಈ ಊರುಗಳನ್ನು ಬಳಸಿಕೊಂಡು ಹೋದ ಮೇಲೆ ಅವಸರದ ಪ್ರಯಾಣಿಕರಿಗೆ ಈ ದರ್ಶನ ತಪ್ಪಿದೆ. ಸಂಕ್ರಾಂತಿಯ ಆಸುಪಾಸಿನಲ್ಲಿ ನಡೆಯುವ ದನಗಳ ಜಾತ್ರೆಗೆ ಬರುವ ರೈತರಿಗೆ ಮಾತ್ರ ಅಂಥ ಅವಸರವಿಲ್ಲ.

ದ್ವೈತ ಪರಂಪರೆಯ ವ್ಯಾಸರಾಯರು ನಾಡಿನಾದ್ಯಂತ 732 ಹನುಮರನ್ನು ಪ್ರತಿಷ್ಠಾಪಿಸಿದರೆಂಬ ಪ್ರತೀತಿಯಿದೆ. ಅವರ ಗುರು ಬ್ರಹ್ಮಣ್ಯತೀರ್ಥರ ಅಬ್ಬೂರು ಚನ್ನಪಟ್ಟಣಕ್ಕೆ ಸಮೀಪ. ಹೀಗಾಗಿ ಈ ಸೀಮೆಯಲ್ಲಿ ಹನುಮನ ಗುಡಿಗಳಿಗೆ ಬರವಿಲ್ಲ. ಕೆಂಗಲ್ಲಿನ ಮೂರ್ತಿ ನಿಧಾನವಾಗಿ ದಿಕ್ಕು ಬದಲಿಸುತ್ತಿದೆ ಎಂಬ ನಂಬಿಕೆಯೂ ಭಕ್ತರಲ್ಲಿದೆ. ಕಣ್ಣಿಗೆ ಕಾಣದಷ್ಟು ನಿಧಾನವಾಗಿ ತಿರುಗುವ ದೇವರು ಎಂದರೆ ಮನುಷ್ಯರ ಗಡಿಯಾರಕ್ಕಿಂತ ಬೇರೆಯ ಗಡಿಯಾರವೊಂದು ಅಲ್ಲಿ ನಡೆಯುತ್ತಿದೆ ಎಂದೇ ಅರ್ಥ.

ಹನುಮನೆಂದ ಕೂಡಲೇ ನೆನಪಾಗುವುದು ಮೇಲಕ್ಕೆ ಹಾರಿದ ಕಥೆಗಳು. ಹಣ್ಣೆಂದು ಸೂರ್ಯನತ್ತ ನೆಗೆದದ್ದು, ಕಡಲು ಲಂಘಿಸಿದ್ದು, ಸಂಜೀವಿನಿಯ ಬೆಟ್ಟ ಹೊತ್ತು ತಂದದ್ದು ಇವೆಲ್ಲ ಮಕ್ಕಳಿಗೂ ಗೊತ್ತು. ಆದರೆ ಅವನು ಕೆಳಕ್ಕೆ ಇಳಿದ ಕಥೆಗಳೂ ಇವೆ. ಒಮ್ಮೆ ವಾಲ್ಮೀಕಿ ರಾಮಾಯಣದಲ್ಲೇ ಬರುವ ಮಾಯಾಬಿಲಕ್ಕೆ, ಇನ್ನೊಮ್ಮೆ ಜನಪದರು ಮತ್ತು ಆಟದ ಮೇಳಗಳು ಕಟ್ಟಿಕೊಂಡ ಮೈರಾವಣನ ಪಾತಾಳಕ್ಕೆ. ಎರಡೂ ಕಡೆ ದಿಕ್ಕು ಕಾಣುವುದಿಲ್ಲ, ಹೊತ್ತು ತಿಳಿಯುವುದಿಲ್ಲ. ಇಂಥದೊಂದು ಲೋಕವನ್ನು ನಮ್ಮ ಹಿರಿಯರು ಏಕೆ ಕಲ್ಪಿಸಿದರು? ಅಲ್ಲಿಗೆ ವೀರರನ್ನು ಏಕೆ ಕಳುಹಿಸಿದರು?

ನರಕವಲ್ಲ ಪಾತಾಳ

ಕನ್ನಡದ ಮಾತಿನಲ್ಲಿ ಪಾತಾಳ ದಿನಬಳಕೆಯ ಪದ. ಕೊಳವೆಬಾವಿಯ ನೀರು ಪಾತಾಳಕ್ಕಿಳಿಯುತ್ತದೆ, ಬೆಳೆಯ ಬೆಲೆ ಪಾತಾಳ ಕಾಣುತ್ತದೆ. ಬಾವಿಗೆ ಬಿದ್ದ ಕೊಡವನ್ನು ತಡಕಿ ಮೇಲೆತ್ತುವ ಕಬ್ಬಿಣದ ಕೊಕ್ಕೆಗಳ ಗೊಂಚಲಿಗೆ ಹಳ್ಳಿಗಳಲ್ಲಿ ಪಾತಾಳಗರಡಿ ಎನ್ನುತ್ತಿದ್ದರು. ಊರಿಗೊಂದೋ ಎರಡೋ ಇರುತ್ತಿದ್ದ ಅದನ್ನು ಬೇಕಾದವರು ಕೇಳಿ ಪಡೆದು, ಕೆಲಸ ಮುಗಿದ ಮೇಲೆ ಮರಳಿಸುತ್ತಿದ್ದರು. ಮಾತಿನಲ್ಲಿ ಪಾತಾಳವೆಂದರೆ ಆಳ, ಕತ್ತಲು, ಕಳೆದುಹೋಗುವ ಜಾಗ.

ಪುರಾಣಗಳ ಪಾತಾಳ ಮಾತ್ರ ಹಾಗಿಲ್ಲ. ಅದನ್ನು ನರಕದೊಂದಿಗೆ ಬೆರೆಸುವುದು ತಪ್ಪು. ವಿಷ್ಣುಪುರಾಣದ ಎರಡನೆಯ ಅಂಶದಲ್ಲಿ ಭೂಮಿಯ ಕೆಳಗಿನ ಏಳು ತಲಗಳ ವರ್ಣನೆಯಿದೆ. ಒಂದೊಂದರ ಆಳ 10,000 ಯೋಜನ. ಒಂದರ ನೆಲ ಬಿಳಿ, ಒಂದರದು ಕಪ್ಪು, ಮತ್ತೊಂದರದು ಹಳದಿ. ಕಲ್ಲಿನ ನೆಲವೂ ಉಂಟು, ಚಿನ್ನದ ನೆಲವೂ ಉಂಟು. ಅಲ್ಲಿಗೆ ಹೋಗಿ ಬಂದ ನಾರದ, ಪಾತಾಳವು ಸ್ವರ್ಗಕ್ಕಿಂತ ಚೆಲುವಾಗಿದೆ ಎಂದು ದೇವತೆಗಳ ಮುಂದೆಯೇ ಹೊಗಳುತ್ತಾನೆ. ಅಲ್ಲಿ ಬಿಸಿಲಿಗೆ ಬೆಳಕಿದೆ, ಸುಡುವ ಗುಣವಿಲ್ಲ. ಬೆಳದಿಂಗಳಿಗೆ ಹೊಳಪಿದೆ, ಚಳಿಯಿಲ್ಲ. ತಿಂದುಂಡು ಸುಖವಾಗಿರುವ ದಾನವರಿಗೆ ಕಾಲ ಕಳೆದದ್ದೇ ತಿಳಿಯುವುದಿಲ್ಲ ಎಂದೂ ಪುರಾಣ ಹೇಳುತ್ತದೆ.

ಭಾಗವತದ ಐದನೆಯ ಸ್ಕಂಧ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದೆ. ಅದು ಈ ಲೋಕಗಳನ್ನು ಬಿಲಸ್ವರ್ಗ ಎಂದು ಕರೆಯುತ್ತದೆ. ಬಿಲ ಎಂದರೆ ನಮ್ಮ ಹಾವಿನ ಬಿಲ, ಇಲಿಯ ಬಿಲದ ಬಿಲವೇ. ಅಸುರರ ಶಿಲ್ಪಿ ಮಯ ಕಟ್ಟಿದ ನಗರಗಳಿರುವ ಅಲ್ಲಿಗೆ ಸೂರ್ಯನ ಬೆಳಕು ಹಾಯುವುದಿಲ್ಲ. ಸರ್ಪಗಳ ಹೆಡೆಯ ಮೇಲಿನ ಮಣಿಗಳೇ ದೀಪ. ಸೂರ್ಯನಿಲ್ಲವಾದ್ದರಿಂದ ಹಗಲು ರಾತ್ರಿಗಳೆಂಬ ವಿಭಾಗವಿಲ್ಲ, ಆ ವಿಭಾಗದಿಂದ ಬರುವ ಭಯವೂ ಇಲ್ಲ. ಮುಪ್ಪು, ಬೆವರು, ದಣಿವು ಯಾವುದೂ ಅಲ್ಲಿನವರನ್ನು ಮುಟ್ಟುವುದಿಲ್ಲ. ಸಾವು ಬರುವುದು ವಿಷ್ಣುವಿನ ಚಕ್ರ ಒಳಹೊಕ್ಕಾಗ ಮಾತ್ರ.

ಇಲ್ಲಿ ಗಮನಿಸಬೇಕಾದದ್ದು ಒಂದಿದೆ. ಪಾತಾಳದ ವಿಚಿತ್ರವೆಂದು ಪುರಾಣಗಳು ಎತ್ತಿ ಹೇಳುವುದು ಅಲ್ಲಿನ ಘೋರರೂಪಗಳನ್ನಲ್ಲ, ಅಲ್ಲಿ ಕಾಲದ ಲೆಕ್ಕ ಸಿಗದು ಎಂಬುದನ್ನು. ಕನ್ನಡದಲ್ಲಿ ‘ಹೊತ್ತುಗೊತ್ತು’ ಎಂಬ ಜೋಡಿಮಾತಿದೆ. ಹೊತ್ತು ಎಂದರೆ ಸಮಯ, ಗೊತ್ತು ಎಂದರೆ ನಿಗದಿಯಾದದ್ದು. ಹೊತ್ತುಗೊತ್ತಿಲ್ಲದವನು ಎಂದು ಬೈಯುವಾಗ ನಾವು ಬೈಯುವುದು ಈ ಎರಡೂ ತಪ್ಪಿದವನನ್ನು. ಪಾತಾಳ ಎರಡೂ ಇಲ್ಲದ ಲೋಕ. ಅಲ್ಲಿಯೇ ಹುಟ್ಟಿದವರಿಗೆ ಅದು ಸುಖ. ಮೇಲಿನ ಲೋಕದಲ್ಲಿ ಮಾತು ಕೊಟ್ಟು ಇಳಿದವನಿಗೆ?

ಉತ್ತಂಕ ಕಂಡ ಮಗ್ಗ

ಈ ಪ್ರಶ್ನೆಗೆ ಮೊದಲ ಉತ್ತರ ಮಹಾಭಾರತದ ಆದಿಪರ್ವದಲ್ಲಿ ಸಿಗುತ್ತದೆ. ಶಿಷ್ಯ ಉತ್ತಂಕ ಗುರುಪತ್ನಿಗೆ ಗುರುದಕ್ಷಿಣೆಯಾಗಿ ಪೌಷ್ಯ ರಾಜನ ರಾಣಿಯ ಓಲೆಗಳನ್ನು ತರಬೇಕಾಗಿತ್ತು. ನಾಲ್ಕನೆಯ ದಿನ ವ್ರತ. ಅಷ್ಟರೊಳಗೆ ಓಲೆ ಬರಬೇಕು, ಬಾರದಿದ್ದರೆ ಶಾಪ. ದಾರಿಯಲ್ಲಿ ತಕ್ಷಕ ಓಲೆಗಳನ್ನು ಕದ್ದು ನೆಲದ ಬಿಲದಲ್ಲಿ ಇಳಿದುಹೋದ. ಉತ್ತಂಕ ಕೋಲಿನಿಂದ ನೆಲ ಅಗೆಯತೊಡಗಿದ. ಇಂದ್ರನ ವಜ್ರ ನೆರವಿಗೆ ಬಂತು, ನಾಗಲೋಕದ ದಾರಿ ತೆರೆಯಿತು.

ಅಲ್ಲಿ ಅವನು ಕಂಡದ್ದು ಇಬ್ಬರು ಹೆಂಗಸರು ಮಗ್ಗದ ಮುಂದೆ ಕುಳಿತು ಬಟ್ಟೆ ನೇಯುತ್ತಿರುವುದನ್ನು. ನೂಲು ಕಪ್ಪು ಮತ್ತು ಬಿಳಿ. ಪಕ್ಕದಲ್ಲಿ 12 ಅರಗಳ ಚಕ್ರವೊಂದನ್ನು ಆರು ಹುಡುಗರು ತಿರುಗಿಸುತ್ತಿದ್ದಾರೆ. ಓಲೆ ಸಿಕ್ಕಿದ ಮೇಲೆ, ಅಲ್ಲಿದ್ದ ಪುರುಷನೊಬ್ಬ ಕೊಟ್ಟ ಕುದುರೆಯನ್ನೇರಿ ಉತ್ತಂಕ ಗುರುವಿನ ಮನೆ ಸೇರುತ್ತಾನೆ. ಗುರುಪತ್ನಿ ಮಿಂದು ತಲೆ ಒಣಗಿಸಿಕೊಳ್ಳುತ್ತ, ಇನ್ನೇನು ಶಾಪ ಕೊಡಬೇಕು ಎನ್ನುವ ಹೊತ್ತಿಗೆ ಅವನು ಒಳಗೆ ಕಾಲಿಟ್ಟ. ಗುರು ಬಳಿಕ ಒಗಟು ಬಿಡಿಸಿದರು. ಕಪ್ಪು ಬಿಳಿ ನೂಲುಗಳೇ ರಾತ್ರಿ ಹಗಲು. ಚಕ್ರ ಎಂದರೆ ವರ್ಷ, ಅರಗಳು ತಿಂಗಳು, ಹುಡುಗರು ಋತುಗಳು.

ಭೂಮಿಯ ಮೇಲೆ ಕಾಲವನ್ನು ಯಾರೂ ಕಣ್ಣಾರೆ ಕಾಣಲಾರರು, ಅದರ ಗುರುತುಗಳನ್ನಷ್ಟೇ ಕಾಣುತ್ತಾರೆ. ನಾಗಲೋಕದಲ್ಲಿ ಕಾಲವೇ ವಸ್ತುವಾಗಿ, ನೂಲಾಗಿ, ಚಕ್ರವಾಗಿ ಎದುರು ನಿಂತಿದೆ. ಆದರೂ ಉತ್ತಂಕ ಅದನ್ನು ನೋಡುತ್ತ ನಿಲ್ಲಲಿಲ್ಲ. ನಾಲ್ಕನೆಯ ದಿನದ ಗಡುವು ಅವನನ್ನು ಎಳೆದು ತಂದಿತು.

ಕರಡಿಯ ಬಿಲದಲ್ಲಿ ಕಳೆದ ತಿಂಗಳು

ಎರಡನೆಯ ಕಥೆ ಹನುಮನದು. ಕಿಷ್ಕಿಂಧಾಕಾಂಡದಲ್ಲಿ ಸುಗ್ರೀವ ಸೀತೆಯನ್ನು ಹುಡುಕಲು ನಾಲ್ಕು ದಿಕ್ಕಿಗೂ ಕಪಿಗಳನ್ನು ಅಟ್ಟುತ್ತಾನೆ. ದಕ್ಷಿಣಕ್ಕೆ ಹೊರಟ ತಂಡದಲ್ಲಿ ಅಂಗದ, ಜಾಂಬವಂತ, ಹನುಮ ಇದ್ದಾರೆ. ಗಡುವು ಒಂದು ತಿಂಗಳು. ಮೀರಿ ಬಂದವನಿಗೆ ಮರಣದಂಡನೆ ಎಂದು ಒಡೆಯನ ಕಟ್ಟಪ್ಪಣೆ.

ವಿಂಧ್ಯದ ಕಾಡುಗಳಲ್ಲಿ ಅಲೆದು, ನೀರಿಲ್ಲದೆ ಬಸವಳಿದ ಕಪಿಗಳಿಗೆ ಒಂದು ಗುಹೆಯ ಬಾಯಿ ಕಾಣಿಸಿತು. ಹೆಸರು ಋಕ್ಷಬಿಲ, ಎಂದರೆ ಕರಡಿಯ ಬಿಲ. ಅದರೊಳಗಿಂದ ಹಂಸ, ಚಕ್ರವಾಕಗಳು ರೆಕ್ಕೆ ತೋಯಿಸಿಕೊಂಡು ಹೊರಬರುತ್ತಿದ್ದವು. ಹಕ್ಕಿ ತೋಯ್ದಿದೆಯೆಂದರೆ ಒಳಗೆ ನೀರಿದೆ ಎಂದು ಹನುಮ ಲೆಕ್ಕ ಹಾಕಿದ. ಒಬ್ಬರ ಕೈ ಒಬ್ಬರು ಹಿಡಿದುಕೊಂಡು ಕಗ್ಗತ್ತಲಲ್ಲಿ ಒಂದು ಯೋಜನ ನಡೆದರು. ಕೊನೆಯಲ್ಲಿ ಬೆಳಕು ಕಂಡಿತು. ಅದು ಸೂರ್ಯನದಲ್ಲ; ಚಿನ್ನದ ಮರಗಳದು. ಕೊಳಗಳಲ್ಲಿ ತಾವರೆ, ಮನೆಗಳಿಗೆ ಮುತ್ತಿನ ಜಾಲರಿ, ತಿನ್ನಲು ಹಣ್ಣು ಗೆಡ್ಡೆ. ಒಬ್ಬಳೇ ಒಬ್ಬಳು ತಪಸ್ವಿನಿ, ನಾರುಮಡಿಯುಟ್ಟ ಸ್ವಯಂಪ್ರಭೆ, ಅದನ್ನೆಲ್ಲ ಕಾಯುತ್ತಿದ್ದಳು.

ಇದನ್ನು ಕಟ್ಟಿದವನೂ ಮಯನೇ. ಹೇಮೆ ಎಂಬ ಅಪ್ಸರೆಯನ್ನು ಮೋಹಿಸಿದ ಅವನನ್ನು ಇಂದ್ರ ವಜ್ರದಿಂದ ಹೊಡೆದು ಕೊಂದ, ಬ್ರಹ್ಮ ಈ ವನವನ್ನು ಹೇಮೆಗೆ ಕೊಟ್ಟ, ಗೆಳತಿಯ ಪರವಾಗಿ ತಾನು ಕಾಯುತ್ತಿದ್ದೇನೆ ಎಂದು ಸ್ವಯಂಪ್ರಭೆ ಹೇಳುತ್ತಾಳೆ. ಉಂಡು ತಣಿದ ಮೇಲೆ ಹನುಮನಿಗೆ ಎಚ್ಚರವಾಗುತ್ತದೆ. ಸುಗ್ರೀವ ಕೊಟ್ಟ ತಿಂಗಳು ಈ ಬಿಲದಲ್ಲಿ ಸುತ್ತಾಡುವಾಗಲೇ ಮುಗಿದುಹೋಗಿದೆ! ಒಳಗೆ ಬಂದವರು ಜೀವಸಹಿತ ಹೊರಹೋಗುವುದು ಕಷ್ಟ, ಕಣ್ಣು ಮುಚ್ಚಿಕೊಳ್ಳಿ ಎಂದಳು ಆಕೆ. ಕಪಿಗಳು ಕೈಗಳಿಂದ ಕಣ್ಣು ಮುಚ್ಚಿಕೊಂಡರು. ರೆಪ್ಪೆ ಬಡಿಯುವಷ್ಟರಲ್ಲಿ ಹೊರಗೆ ನಿಂತಿದ್ದರು. ಎದುರಿಗೆ ಕಡಲು. ವಸಂತದ ಹೂ ಹೊತ್ತ ಮರಗಳನ್ನು ಕಂಡು ಅವರು ಹಿಗ್ಗಲಿಲ್ಲ, ಹೆದರಿದರು. ಅವಧಿ ಮೀರಿದೆ ಎಂದು ಆ ಹೂಗಳೇ ಸಾರುತ್ತಿದ್ದವು.

ಮರಳಿ ಹೋಗೋಣ ಎಂದವನು

ಕಥೆಯ ನಿಜವಾದ ಬಿಕ್ಕಟ್ಟು ಇಲ್ಲಿಂದ ಮುಂದಿನದು. ಹರಿಕಥೆಗಳಲ್ಲಿ ಇದನ್ನು ಎರಡು ಮಾತಿನಲ್ಲಿ ಹೇಳಿ ಕಡಲ ಲಂಘನಕ್ಕೆ ಹೋಗುವುದುಂಟು. ಊರಿಗೆ ಮರಳಿದರೆ ಸಾವು, ಮರಳದಿದ್ದರೂ ಸಾವು ಎಂದು ಯುವರಾಜ ಅಂಗದ ಕುಗ್ಗಿದ. ಆಗ ತಾರನೆಂಬ ಕಪಿ ಒಂದು ಸಲಹೆ ಕೊಟ್ಟ. ನಾವೇಕೆ ಸಾಯಬೇಕು? ಆ ಬಿಲಕ್ಕೇ ಮರಳಿ ಹೋಗೋಣ. ಮಾಯೆಯಿಂದ ಕಟ್ಟಿದ ಜಾಗ, ಯಾರೂ ಒಳಗೆ ಬರಲಾರರು. ನೀರುಂಟು, ಹಣ್ಣುಂಟು. ಇಂದ್ರನ ಭಯವಿಲ್ಲ, ರಾಮನ ಭಯವಿಲ್ಲ, ಸುಗ್ರೀವನ ಭಯವೂ ಇಲ್ಲ.

ಈ ಮಾತು ಹೇಡಿಯ ಮಾತೆಂದು ತಳ್ಳಿಹಾಕುವಂಥದಲ್ಲ. ಗಡುವು ಮೀರಿದವನು ಗಡುವೇ ಇಲ್ಲದ ಲೋಕಕ್ಕೆ ಆಸೆಪಡುವುದು ಸಹಜ. ಸಾಲದ ಕಂತು ತಪ್ಪಿದವನು, ಪರೀಕ್ಷೆಯಲ್ಲಿ ಸೋತ ಹುಡುಗ, ಊರಿಗೆ ಮುಖ ತೋರಿಸಲಾಗದೆ ಪಟ್ಟಣದಲ್ಲೇ ಉಳಿದುಬಿಟ್ಟವನು ಎಲ್ಲರೂ ಒಂದಲ್ಲ ಒಂದು ದಿನ ತಾರನ ಮಾತನ್ನು ತಮ್ಮೊಳಗೆ ಕೇಳಿಸಿಕೊಂಡವರೇ. ಕಪಿಗಳೂ ಆ ಸಲಹೆಗೆ ತಲೆದೂಗಿದರು.

ಒಪ್ಪದವನು ಹನುಮ. ಅವನ ವಾದ ಎರಡು ಎಳೆಯದು. ಮೊದಲನೆಯದು ಲೌಕಿಕ ಎಚ್ಚರಿಕೆ. ಇಂದ್ರನ ವಜ್ರ ಆ ಬಿಲಕ್ಕೆ ಹೆಚ್ಚೇನೂ ಮಾಡದಿರಬಹುದು, ಲಕ್ಷ್ಮಣನ ಬಾಣಗಳು ಅದನ್ನು ಎಲೆಯ ದೊನ್ನೆಯಂತೆ ಸೀಳಿಬಿಡುತ್ತವೆ. ಎರಡನೆಯದು ಇನ್ನೂ ನಾಟುವಂಥದು. ಈ ಕಪಿಗಳಿಗೆ ಹೆಂಡಿರು ಮಕ್ಕಳು ಇದ್ದಾರೆ. ಅವರನ್ನು ನೆನೆದು ನೆನೆದು ಇವರು ನಿದ್ದೆಗೆಡುತ್ತಾರೆ, ಒಂದು ದಿನ ನಿನ್ನನ್ನು ಬಿಟ್ಟು ಹೋಗುತ್ತಾರೆ ಎಂದು ಅಂಗದನಿಗೆ ಹೇಳುತ್ತಾನೆ. ಹಣ್ಣು, ನೀರು, ಚಿನ್ನದ ಮರ ಎಲ್ಲ ಇದ್ದರೂ ಕಾಯುವವರು ಇರುವುದು ಬಿಸಿಲು ಬೀಳುವ ಲೋಕದಲ್ಲಿ ಎಂಬುದು ಅದರ ತಿರುಳು.

ಅಂಗದನಿಗೆ ಆ ಮಾತಿನಿಂದ ಪೂರ್ತಿ ಸಮಾಧಾನವಾಗಲಿಲ್ಲ. ಅವನು ದರ್ಭೆ ಹಾಸಿ ಉಪವಾಸ ಸಾಯಲು ಕುಳಿತ, ಉಳಿದವರೂ ಕುಳಿತರು. ಆದರೆ ಬಿಲಕ್ಕೆ ಮಾತ್ರ ಯಾರೂ ಹೋಗಲಿಲ್ಲ. ಹೊರಗೆ ಕುಳಿತಿದ್ದರಿಂದಲೇ ಅವರು ರೆಕ್ಕೆ ಸುಟ್ಟ ಮುದಿ ಹದ್ದು ಸಂಪಾತಿಯ ಕಣ್ಣಿಗೆ ಬಿದ್ದರು. ಸೀತೆ ಲಂಕೆಯಲ್ಲಿರುವ ಸುದ್ದಿ ಅವನಿಂದ ಸಿಕ್ಕಿತು. ಬಿಲದೊಳಗೆ ಹೊಕ್ಕಿದ್ದರೆ ರಾಮಾಯಣ ಅಲ್ಲಿಗೇ ನಿಲ್ಲುತ್ತಿತ್ತು. ಕಡಲು ಹಾರಿದ್ದು ಹನುಮನ ಮೈಯ ಬಲವಾದರೆ, ಬಿಲವನ್ನು ಬೇಡವೆಂದದ್ದು ಅವನ ಮನಸ್ಸಿನ ಬಲ. ಮೊದಲನೆಯದು ಸಾಧ್ಯವಾದದ್ದು ಎರಡನೆಯದರಿಂದ.

ಗಡುವಿಲ್ಲದೆ ಹೋದವನ ಪಾಡು

ಗಡುವು ಹೊರದೆ ಬೇರೆ ಲೋಕಕ್ಕೆ ಹೋದವನ ಗತಿಯನ್ನೂ ಪುರಾಣಗಳು ಹೇಳಿವೆ. ಕುಶಸ್ಥಲಿಯ ರಾಜ ಕಕುದ್ಮಿ ಮಗಳು ರೇವತಿಗೆ ತಕ್ಕ ವರ ಯಾರೆಂದು ಕೇಳಲು ಅವಳನ್ನು ಕರೆದುಕೊಂಡು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಗಂಧರ್ವರ ಸಂಗೀತ ನಡೆದಿತ್ತು. ಮುಗಿಯಲೆಂದು ಕ್ಷಣಹೊತ್ತು ಕಾದ. ಬಳಿಕ ತನ್ನ ಮನಸ್ಸಿನಲ್ಲಿದ್ದ ವರರ ಹೆಸರು ಹೇಳಿದಾಗ ಬ್ರಹ್ಮ ನಕ್ಕುಬಿಟ್ಟ. ಭೂಮಿಯಲ್ಲಿ 27 ಚತುರ್ಯುಗಗಳು ಕಳೆದಿವೆ. ಆ ವರರಿಲ್ಲ, ಅವರ ಮಕ್ಕಳಿಲ್ಲ, ಮೊಮ್ಮಕ್ಕಳಿಲ್ಲ, ಗೋತ್ರದ ಹೆಸರೂ ಉಳಿದಿಲ್ಲ ಎಂದ. ರಾಜ ಮರಳಿ ಬಂದಾಗ ತನ್ನ ಊರಿನ ಜಾಗದಲ್ಲಿ ದ್ವಾರಕೆ ಎದ್ದಿತ್ತು. ರೇವತಿಯನ್ನು ಬಲರಾಮನಿಗೆ ಧಾರೆಯೆರೆದು ಅವನು ತಪಸ್ಸಿಗೆ ಹೊರಟ. ಉಳಿದದ್ದು ಅದೊಂದೇ ದಾರಿ.

ಇಂಥ ಕಥೆ ಭಾರತದ ಸ್ವತ್ತು ಮಾತ್ರವಲ್ಲ. ಜಪಾನಿನ ಬೆಸ್ತ ಉರಾಷಿಮನ ಕಥೆ 720ರಲ್ಲಿ ಪೂರ್ಣಗೊಂಡ ‘ನಿಹೊನ್ ಶೊಕಿ’ ಎಂಬ ಇತಿಹಾಸ ಗ್ರಂಥದಲ್ಲೇ ನಮೂದಾಗಿದೆ. ನಂತರದ ಪಾಠಗಳ ಪ್ರಕಾರ ಅವನು ಕಡಲ ತಳದ ಅರಮನೆಯಲ್ಲಿ ಮೂರು ವರ್ಷ ಸುಖವಾಗಿದ್ದು ಊರಿಗೆ ಬರುತ್ತಾನೆ. ಊರಿನಲ್ಲಿ 300 ವರ್ಷ ಕಳೆದಿರುತ್ತದೆ. ಗುರುತು ಹಿಡಿಯುವವರಿಲ್ಲದ ಊರಿಗಿಂತ ದೊಡ್ಡ ಪಾತಾಳ ಯಾವುದು?

ಗುಹೆಯಲ್ಲಿ ಒಬ್ಬ ವಿಜ್ಞಾನಿ

ಕತ್ತಲ ಬಿಲದಲ್ಲಿ ತಿಂಗಳೊಂದು ಅರಿವಿಲ್ಲದೆ ಕಳೆಯಿತು ಎಂಬುದು ಬರಿಯ ಕವಿಕಲ್ಪನೆಯೇ? 1962ರಲ್ಲಿ ಫ್ರಾನ್ಸ್‌ನ 23 ವರ್ಷದ ಭೂವಿಜ್ಞಾನಿ ಮಿಷೆಲ್ ಸಿಫ್ರ್ ಇದಕ್ಕೆ ತನ್ನ ಮೈಯನ್ನೇ ಒಡ್ಡಿ ಪರೀಕ್ಷೆ ನಡೆಸಿದರು. ಜುಲೈ 16ರಂದು ಗಡಿಯಾರವಿಲ್ಲದೆ ಆಲ್ಪ್ಸ್ ಪರ್ವತದ ಸ್ಕರಾಸನ್ ಎಂಬ ಹಿಮಗುಹೆಗೆ ಇಳಿದರು. ಎದ್ದಾಗ, ಉಂಡಾಗ, ಮಲಗುವಾಗ ಮೇಲಿನವರಿಗೆ ದೂರವಾಣಿಯಲ್ಲಿ ತಿಳಿಸುತ್ತಿದ್ದರು. ಮೇಲಿನವರು ಮಾತ್ರ ಹೊತ್ತು ಎಷ್ಟೆಂದು ಹೇಳುವಂತಿರಲಿಲ್ಲ.

ಸೆಪ್ಟೆಂಬರ್ 14ರಂದು ಅವಧಿ ಮುಗಿಯಿತೆಂದು ತಿಳಿಸಿದಾಗ ಅವರಿಗೆ ನಂಬಲಾಗಲಿಲ್ಲ. ಅವರ ಲೆಕ್ಕದಲ್ಲಿ ಅಂದು ಆಗಸ್ಟ್ 20. ಹೆಚ್ಚು ಕಡಿಮೆ ಒಂದು ತಿಂಗಳು, ಸರಿಯಾಗಿ ಹೇಳಬೇಕೆಂದರೆ 25 ದಿನ, ಗುಹೆಯಲ್ಲಿ ಕಾಣೆಯಾಗಿತ್ತು. ಸೆಕೆಂಡಿಗೆ ಒಂದರಂತೆ 120ರವರೆಗೆ ಎಣಿಸಿ ಎಂದರೆ ಅವರಿಗೆ ಐದು ನಿಮಿಷ ಹಿಡಿಯುತ್ತಿತ್ತು. ವಿಚಿತ್ರವೆಂದರೆ ಮನಸ್ಸು ಹೀಗೆ ಎಡವಿದರೂ ಮೈ ಎಡವಿರಲಿಲ್ಲ. ನಿದ್ದೆ ಎಚ್ಚರಗಳ ಸುತ್ತು 24 ಗಂಟೆಗಿಂತ ತುಸುವೇ ಹೆಚ್ಚಾಗಿತ್ತು. ಜೀವಿಗಳ ಒಳಗಡಿಯಾರದ ಅಧ್ಯಯನಕ್ಕೆ ಈ ಪ್ರಯೋಗ ದೊಡ್ಡ ಕೊಡುಗೆಯಾಯಿತು.

ಹಾಗೆಂದ ಮಾತ್ರಕ್ಕೆ ವಾಲ್ಮೀಕಿಗೆ ಆಧುನಿಕ ವಿಜ್ಞಾನ ತಿಳಿದಿತ್ತೆಂದು ಸಾರುವುದು ದುಡುಕಾದೀತು. ಗುಹೆಗಳಲ್ಲಿ ತಂಗುತ್ತಿದ್ದ ತಪಸ್ವಿಗಳು, ಬೇಟೆಗಾರರು, ದಾರಿ ತಪ್ಪಿದ ದನಗಾಹಿಗಳು ಇದ್ದ ನಾಡಿದು. ಸೂರ್ಯ ಕಾಣದ ಕಡೆ ಲೆಕ್ಕ ತಪ್ಪುತ್ತದೆಂಬುದು ಅವರ ಅನುಭವಕ್ಕೆ ಬಂದಿರಬೇಕು. ಕವಿ ಆ ಅನುಭವವನ್ನು ಹಿಗ್ಗಿಸಿ ಲೋಕವೊಂದನ್ನು ಮಾಡಿದ ಎಂದು ತಿಳಿದರೆ ಸಾಕು.

ಒಂದು ರಾತ್ರಿಯ ಕಾಳಗ

ಮೂರನೆಯ ಕಥೆ ವಾಲ್ಮೀಕಿಯಲ್ಲಿ ಇಲ್ಲವೇ ಇಲ್ಲ. ಮುಂದಿನ ಕಾಲದ ರಾಮಕಥೆಗಳಲ್ಲಿ ಬೆಳೆದು, ಕನ್ನಡದಲ್ಲಿ ‘ಮೈರಾವಣ ಕಾಳಗ’ ಎಂದು ಯಕ್ಷಗಾನ, ಬಯಲಾಟ, ತೊಗಲುಗೊಂಬೆಯಾಟಗಳಲ್ಲಿ ನೆಲೆನಿಂತ ಕಥೆ ಅದು. ಅಷ್ಟರಲ್ಲಿ ಪಾತಾಳದ ರೂಪವೂ ಬದಲಾಗಿತ್ತು. ಜೈನ ರಾಮಾಯಣದ ಪರಂಪರೆಯಲ್ಲಿ, ಪ್ರಾಕೃತದಲ್ಲಿ ವಿಮಲಸೂರಿ ಬರೆದ ‘ಪಉಮಚರಿಯ’ದಲ್ಲಿ, ಪಾತಾಳಲಂಕೆ ಎಂಬುದು ಸೋತ ಅರಸರು ತಲೆಮರೆಸಿಕೊಳ್ಳುವ ನಗರ. ಅಲ್ಲಿ ಹನುಮನೂ ಕಪಿಯಲ್ಲ, ವಿದ್ಯಾಧರ. ಆಟದ ಮೇಳಗಳ ಪಾತಾಳವೋ ಮಾಟಮಂತ್ರದ ಕತ್ತಲ ನಾಡು.

ಯುದ್ಧದಲ್ಲಿ ಸೋಲುತ್ತಿದ್ದ ರಾವಣ ಪಾತಾಳದ ಮೈರಾವಣನ ಮೊರೆ ಹೋಗುತ್ತಾನೆ. ಅಪಾಯ ಅರಿತ ಹನುಮ ಬಾಲವನ್ನೇ ಸುರುಳಿ ಸುತ್ತಿ ಕೋಟೆ ಮಾಡಿ ರಾಮಲಕ್ಷ್ಮಣರನ್ನು ಒಳಗೆ ಮಲಗಿಸುತ್ತಾನೆ. ಮೈರಾವಣ ವಿಭೀಷಣನ ವೇಷದಲ್ಲಿ ಬಂದು ಅಣ್ಣತಮ್ಮಂದಿರನ್ನು ಕದ್ದೊಯ್ಯುತ್ತಾನೆ. ಕಾಳಿಗೆ ಅವರ ಬಲಿ. ಅದಕ್ಕೆ ಮೊದಲು ಬಿಡಿಸಿ ತರಬೇಕು. ಗಡುವು ಇಲ್ಲಿ ಒಂದೇ ರಾತ್ರಿಗೆ ಇಳಿದಿದೆ. ದಾರಿಯಾದರೂ ಎಂಥದು? ತಾವರೆಯ ದಂಟಿನ ತೂತು. ಬೆಟ್ಟ ಹೊತ್ತವನು ನೂಲಿನಷ್ಟು ಸಣ್ಣಗಾಗಿ ಇಳಿಯಬೇಕು. ಹಿಂದೆ 10,000 ಯೋಜನಗಳ ಲೆಕ್ಕದಲ್ಲಿ ಅಳೆದ ಲೋಕಕ್ಕೆ ಈಗ ಹೂವಿನ ದಂಟೇ ಬಾಗಿಲು!

ಆ ಬಾಗಿಲಲ್ಲಿ ಹನುಮನನ್ನು ತಡೆಯುವವನು ಅವನ ಮಗನೇ. ಕಡಲ ಮೇಲೆ ಹೋಗುವಾಗ ಬಿದ್ದ ಬೆವರ ಹನಿಯನ್ನು ಮೀನು ನುಂಗಿ ಹುಟ್ಟಿದ ಮಗ. ಬ್ರಹ್ಮಚಾರಿಗೆ ಮಗನೇ ಎಂದು ಪ್ರೇಕ್ಷಕರು ನಗುತ್ತಾರೆ, ಹನುಮನೂ ಬೆಚ್ಚುತ್ತಾನೆ. ಲೆಕ್ಕ ಹಾಕಿದರೆ ಇನ್ನೊಂದು ವಿಚಿತ್ರ ಕಾಣುತ್ತದೆ. ಹನುಮ ಲಂಕೆಗೆ ಹಾರಿ ಬಹಳ ಕಾಲವೇನೂ ಆಗಿಲ್ಲ, ಯುದ್ಧವಿನ್ನೂ ಮುಗಿದಿಲ್ಲ. ಮಗನಾದರೋ ಆಳೆತ್ತರ ಬೆಳೆದು ತಂದೆಗೆ ಸಮನಾಗಿ ಗದೆ ಬೀಸುತ್ತಿದ್ದಾನೆ. ಮೇಲಿನ ಕೆಲವೇ ದಿನ ಕೆಳಗೆ ಹಲವು ವರ್ಷವಾಗಿದೆ. ಕಥೆ ಕಟ್ಟಿದವರು ಇದನ್ನು ವಿವರಿಸಲು ಹೋಗಿಲ್ಲ. ಪಾತಾಳದಲ್ಲಿ ಹಾಗೆಯೇ ಎಂದು ಕೇಳುವವರೂ ಒಪ್ಪಿಕೊಂಡಿದ್ದಾರೆ.

ಒಳಗೆ ಹನುಮನಿಗೆ ನೆರವಾಗುವವಳು ಮೈರಾವಣನ ತಂಗಿ. ಅಣ್ಣ ಅವಳ ಮಗನನ್ನೂ ಸೆರೆಯಲ್ಲಿಟ್ಟಿದ್ದಾನೆ. ಮೈರಾವಣನ ಪ್ರಾಣ ಅವನ ಮೈಯಲ್ಲಿಲ್ಲ, ದೂರದಲ್ಲೆಲ್ಲೋ ದುಂಬಿಗಳಲ್ಲಿದೆ ಎಂಬ ಗುಟ್ಟು ಅವಳಿಂದ ಹೊರಬೀಳುತ್ತದೆ. ಐದು ದಿಕ್ಕಿನ ಐದು ದೀಪಗಳನ್ನು ಒಮ್ಮೆಲೇ ಆರಿಸಲು ಹನುಮ ಪಂಚಮುಖಿಯಾದ ಎನ್ನುವ ಪಾಠವೂ ಇದೆ. ಥಾಯ್ಲೆಂಡಿನ ರಾಮಕಥೆ ‘ರಾಮಕಿಯೆನ್’ನಲ್ಲಿ ಇದೇ ಮೈರಾವಣ ಮೈಯರಾಪ್ ಎಂಬ ಹೆಸರಿನಲ್ಲಿದ್ದಾನೆ, ತಾವರೆ ದಂಟು, ಮೀನಿನ ಮಗ, ನೆರವಾಗುವ ತಂಗಿ, ಪ್ರಾಣವಿರುವ ದುಂಬಿ ಎಲ್ಲವೂ ಅಲ್ಲಿವೆ. ಕಡಲು ದಾಟಿ ಹೋದರೂ ಪಾತಾಳದ ನಕಾಶೆ ಕೆಡಲಿಲ್ಲ.

ಈ ಕಥೆ ರಾತ್ರಿಯ ಆಟಕ್ಕೆ ಹೇಳಿ ಮಾಡಿಸಿದಂತಿದೆ. ತೊಗಲುಗೊಂಬೆಯಾಟದಲ್ಲಿ ಬಿಳಿ ಪರದೆಯ ಹಿಂದೆ ದೀಪ ಉರಿಯುತ್ತದೆ. ಬಣ್ಣ ಹಾಕಿದ ಚರ್ಮದ ಗೊಂಬೆ ಪರದೆಗೆ ತಾಗಿದರೆ ರೂಪ ಸ್ಪಷ್ಟ, ಹಿಂದೆ ಸರಿದರೆ ನೆರಳು ಹಿಗ್ಗುತ್ತದೆ. ಹಿಗ್ಗುವ ಕುಗ್ಗುವ ಹನುಮನನ್ನು ತೋರಿಸಲು ಇದಕ್ಕಿಂತ ಸುಲಭದ ಉಪಾಯವಿಲ್ಲ. ಕಥೆಯೊಳಗಿನ ರಾತ್ರಿಯೂ ಊರಿನ ರಾತ್ರಿಯೂ ಒಟ್ಟಿಗೆ ಸವೆಯುತ್ತವೆ. ರಾಮಲಕ್ಷ್ಮಣರು ಹೆಗಲೇರಿ ಮೇಲೆ ಬರುವ ಹೊತ್ತಿಗೆ ಪೂರ್ವ ಕೆಂಪಾಗಿ, ಹೆಂಗಸರು ಮಕ್ಕಳನ್ನು ಎಬ್ಬಿಸಿಕೊಂಡು ಮನೆಗೆ ಹೊರಡುತ್ತಾರೆ. ಹಗಲಿನ ಕೆಲಸ ಕಾದಿರುತ್ತದೆ.

ಹೀಗೆ ಇಡೀ ರಾತ್ರಿ ಕುಳಿತು ನೋಡುವ ರೂಢಿ ಈಗ ವಿರಳ. ಆಟ ಎರಡು ಮೂರು ಗಂಟೆಗೆ ಇಳಿದಿದೆ, ಗೊಂಬೆಗಳು ಪ್ರದರ್ಶನದ ಗಾಜಿನ ಹಿಂದೆ ಸೇರಿವೆ. ಎಚ್.ಎಲ್. ನಾಗೇಗೌಡರು ರಾಮನಗರದ ಬಳಿ ಕಟ್ಟಿ 1994ರಲ್ಲಿ ತೆರೆದ ಜಾನಪದ ಲೋಕದಲ್ಲಿ ಅಂಥ ಗೊಂಬೆಗಳನ್ನು ಕಾಣಬಹುದು. ಹಿಂದೆ ದೀಪವಿಲ್ಲದ ಗೊಂಬೆಗೆ ಬಣ್ಣವಿದೆ, ನೆರಳಿಲ್ಲ. ಕಳೆದುಹೋಗುತ್ತಿರುವುದು ಗೊಂಬೆಯಲ್ಲ, ಅದಕ್ಕೆ ಬೇಕಾದ ರಾತ್ರಿ.

ಬಂಡೆಯ ವಯಸ್ಸು

ಕೆಂಗಲ್ಲಿನಿಂದ ಅನತಿ ದೂರದ ರಾಮದೇವರ ಬೆಟ್ಟದಲ್ಲಿ ರಾಮನನ್ನು ಪ್ರತಿಷ್ಠಾಪಿಸಿದವನು ಸುಗ್ರೀವ ಎಂಬ ಸ್ಥಳಪುರಾಣವಿದೆ. ಕಪಿಗಳಿಗೆ ಗಡುವು ಹಾಕಿದ ಆ ಸುಗ್ರೀವನೇ. ಬೆಟ್ಟದ ಬಂಡೆಗಳ ಸಂದಿಯಲ್ಲಿ ಇಂದಿಗೂ ಕರಡಿಗಳ ಬಿಲಗಳಿವೆ. ಸಂಪಾತಿಯ ಕುಲದ ಉದ್ದಕೊಕ್ಕಿನ ರಣಹದ್ದುಗಳು ಕಡಿಬಂಡೆಗಳ ಮೇಲೆ ಗೂಡು ಕಟ್ಟಿದ್ದರಿಂದ 2012ರಲ್ಲಿ ಈ ಬೆಟ್ಟವನ್ನು ರಣಹದ್ದುಗಳ ವನ್ಯಧಾಮವೆಂದು ಘೋಷಿಸಲಾಯಿತು. ದನಗಳಿಗೆ ಕೊಡುತ್ತಿದ್ದ ಡೈಕ್ಲೊಫಿನಾಕ್ ಎಂಬ ನೋವಿನ ಔಷಧ ಸತ್ತ ದನದ ಮಾಂಸದ ಮೂಲಕ ಹದ್ದುಗಳ ಮೂತ್ರಪಿಂಡ ಕೆಡಿಸಿ, ದೇಶದ ತುಂಬ ಅವುಗಳ ಸಂತತಿಯನ್ನೇ ಅಳಿಸುತ್ತ ಬಂದಿತ್ತು. ಪಶುಚಿಕಿತ್ಸೆಯಲ್ಲಿ ಅದನ್ನು ಭಾರತ ನಿಷೇಧಿಸಿದ್ದು 2006ರಲ್ಲಿ. ಅಷ್ಟರಲ್ಲಿ ಬಹಳ ತಡವಾಗಿತ್ತು. ಗಡುವು ಮೀರುವುದು ಕಥೆಯ ಕಪಿಗಳಿಗಷ್ಟೇ ಬರುವ ಕಷ್ಟವಲ್ಲ.

ಈ ಬಂಡೆಗಳನ್ನು ಭೂವಿಜ್ಞಾನಿಗಳು ಕ್ಲೋಸ್‌ಪೇಟೆ ಗ್ರಾನೈಟ್ ಎನ್ನುತ್ತಾರೆ. ಕ್ಲೋಸ್‌ಪೇಟೆ ಎಂಬುದು ರಾಮನಗರಕ್ಕೆ ಬ್ರಿಟಿಷರ ಕಾಲದಲ್ಲಿದ್ದ ಹೆಸರು. ನೆಲದಾಳದ ಶಿಲಾರಸ ಮೇಲೇರಿ ಗಟ್ಟಿಯಾಗಿ ಈ ಕಲ್ಲು ಆದದ್ದು ಸುಮಾರು 250 ಕೋಟಿ ವರ್ಷಗಳ ಹಿಂದೆ. ಪುರಾಣಗಳ ಲೆಕ್ಕದಲ್ಲಿ ಬ್ರಹ್ಮನ ಒಂದು ಹಗಲು 432 ಕೋಟಿ ವರ್ಷ. ಆ ಹಗಲಿನ ಅರ್ಧಕ್ಕಿಂತ ಹೆಚ್ಚು ಹೊತ್ತನ್ನು ಕೆಂಗಲ್ಲಿನ ಕಲ್ಲು ಕಂಡಿದೆ. ನಿಜವಾದ ಪಾತಾಳದಿಂದ ಮೇಲೆ ಬಂದದ್ದು ಅದೇ.

ಅಂಥ ಕಲ್ಲಿನಲ್ಲಿ ಜನ ಕಡೆದುಕೊಂಡದ್ದು ಹನುಮನನ್ನು. ಮನುಷ್ಯನ ಆಯುಸ್ಸು ಆ ಕಲ್ಲಿನ ಮುಂದೆ ಕಣ್ಣೆವೆಯಷ್ಟೂ ಅಲ್ಲ. ಆದರೂ ಜಾತ್ರೆಗೆ ಬಂದವನು ಕೇಳುವುದು ಕಾಲವಿಲ್ಲದ ಲೋಕವನ್ನಲ್ಲ. ಮಳೆ ಹೊತ್ತಿಗೆ ಸರಿಯಾಗಿ ಬರಲಿ, ಮಗಳ ಮದುವೆ ಈ ಮಾಘದೊಳಗೆ ಆಗಲಿ, ಸಾಲ ಸುಗ್ಗಿಗೆ ತೀರಲಿ ಎಂದು ಅವನು ಬೇಡುತ್ತಾನೆ. ಎಲ್ಲವೂ ಗಡುವಿನ ಬೇಡಿಕೆಗಳೇ. ಚಿನ್ನದ ಮರಗಳ ಬಿಲವನ್ನು ಬಿಟ್ಟು ಬಂದ ದೇವರಿಗೆ ಅದು ಅರ್ಥವಾಗುತ್ತದೆ ಎಂಬ ಭರವಸೆ ಅವನದು.